ಘಾನಾ, ಶ್ರೀಲಂಕಾ, ನಮ್ಮ ದಾವಣಗೆರೆ: ಬ್ರಿಟಿಷರು ಬಿಟ್ಟುಹೋದದ್ದು ಒಂದೇ ಯಂತ್ರ, ದಾರಿ ಮಾತ್ರ ಬೇರೆ ಬೇರೆ. ಯಾಕೆ?

ಬಡಾವಣೆ ಮೇಷ್ಟ್ರು (ದಾವಣಗೆರೆ)

ನಮ್ಮ ಓದುಗರ ಗುಂಪಿನಲ್ಲಿ ಕಳೆದ ವಾರ ಜೋರು ವಾದ ಆಯಿತು. ಹಿರಿಯರೊಬ್ಬರು "ಆಫ್ರಿಕಾದವರಿಗೆ ಪ್ರಜಾಪ್ರಭುತ್ವ ಒಗ್ಗಲಿಲ್ಲ, ನಮಗೆ ಒಗ್ಗಿತು, ಅದೆಲ್ಲ ರಕ್ತದಲ್ಲೇ ಬರಬೇಕು" ಅಂದುಬಿಟ್ಟರು. ನಾಲ್ಕಾರು ಜನ ತಲೆಯಾಡಿಸಿದರು. ನಾನು ಬಾಯಿ ತೆರೆಯುವಷ್ಟರಲ್ಲಿ ಚಹಾ ಬಂತು, ಮಾತು ಕ್ರಿಕೆಟ್ ಕಡೆಗೆ ಹೋಯಿತು. ಹಾಗಾಗಿ ಇಲ್ಲಿ ಬರೆಯುತ್ತಿದ್ದೇನೆ.

ನನ್ನ ವಾದ ಇಷ್ಟು. ವಸಾಹತು ಸರ್ಕಾರವನ್ನು ಎಲ್ಲ ಕಡೆಯೂ ಮುಖ್ಯವಾಗಿ ಎರಡು ಕೆಲಸಕ್ಕೆ ಕಟ್ಟಿದ್ದರು. ಕಂದಾಯ ವಸೂಲಿ ಮಾಡುವುದು, ಗಲಾಟೆ ಅಡಗಿಸುವುದು. ಜಿಲ್ಲೆಗೊಬ್ಬ ಅಧಿಕಾರಿ, ಅವನ ಕೈಯಲ್ಲಿ ಖಜಾನೆ, ಪೊಲೀಸು, ಜಮೀನಿನ ಲೆಕ್ಕ. ಸ್ವಾತಂತ್ರ್ಯ ಬಂದಾಗ ಈ ಯಂತ್ರವನ್ನು ಹೆಚ್ಚಿನ ದೇಶಗಳಲ್ಲಿ ಯಾರೂ ಬಿಚ್ಚಲಿಲ್ಲ. ಇದ್ದ ಹಾಗೆಯೇ ಹೊಸಬರ ಕೈಗೆ ಬಂತು. ಆ ಹೊತ್ತಿಗೆ ಅದರ ಒಳಗೆ ಊರಿನವರು ಎಷ್ಟು ಜನ ಇದ್ದರು, ಹೊರಗೆ ನಿಂತು ಲೆಕ್ಕ ಕೇಳುವವರು ಎಷ್ಟು ಜನ ಇದ್ದರು ಅನ್ನುವುದನ್ನು ನೋಡಿ. ಮುಂದಿನ ಕಥೆ ಅರ್ಧ ಅಲ್ಲೇ ಗೊತ್ತಾಗುತ್ತದೆ.

ಕಾಂಗೋ ತೆಗೆದುಕೊಳ್ಳಿ. 1960ರ ಜೂನ್ 30ಕ್ಕೆ ಬೆಲ್ಜಿಯಂನವರು ಬಿಟ್ಟುಹೋದಾಗ ಆ ದೊಡ್ಡ ದೇಶದಲ್ಲಿ ಪದವಿ ಓದಿದ ಕಾಂಗೋದವರು ಬೆರಳೆಣಿಕೆಯಷ್ಟು. ಸೈನ್ಯದಲ್ಲಿ ಒಬ್ಬನೇ ಒಬ್ಬ ಕರಿಯ ಅಧಿಕಾರಿ ಇರಲಿಲ್ಲ. ಸ್ವಾತಂತ್ರ್ಯ ಬಂದ ವಾರದಲ್ಲೇ ಬೆಲ್ಜಿಯಂನ ಸೇನಾ ಮುಖ್ಯಸ್ಥ ಕರಿಹಲಗೆಯ ಮೇಲೆ "ಸ್ವಾತಂತ್ರ್ಯಕ್ಕೆ ಮೊದಲು = ಸ್ವಾತಂತ್ರ್ಯದ ನಂತರ" ಎಂದು ಬರೆದು ಸೈನಿಕರಿಗೆ ತೋರಿಸಿದ. ಸೈನಿಕರು ದಂಗೆ ಎದ್ದರು. ಜುಲೈ 11ಕ್ಕೆ ಗಣಿಗಳಿರುವ ಕಟಾಂಗಾ ಬೇರೆಯಾಗುತ್ತೇನೆ ಎಂದಿತು. ಪ್ರಧಾನಿ ಲುಮುಂಬಾರನ್ನು 1961ರ ಜನವರಿಯಲ್ಲಿ ಕೊಂದೇಬಿಟ್ಟರು. ಇದರಲ್ಲಿ ರಕ್ತದ ಮಾತು ಎಲ್ಲಿಂದ ಬಂತು?

ಈಗ ನಮ್ಮ ಕಡೆ ನೋಡಿ. ಮೈಸೂರು ಸೀಮೆಯನ್ನು ಬ್ರಿಟಿಷರು ನೇರವಾಗಿ ಆಳಿದ್ದು 1831ರಿಂದ 1881ರವರೆಗೆ. ರಾಜರಿಗೆ ವಾಪಸ್ ಕೊಟ್ಟ ವರ್ಷವೇ ದಿವಾನ್ ರಂಗಾಚಾರ್ಲು ಪ್ರಜಾ ಪ್ರತಿನಿಧಿ ಸಭೆ ಕರೆದರು. 144 ಜನ ಸದಸ್ಯರು. ಜಮೀನ್ದಾರರು, ವ್ಯಾಪಾರಿಗಳೇ ಜಾಸ್ತಿ, ಅವರಿಗೆ ಅಧಿಕಾರವೂ ಇರಲಿಲ್ಲ. ಆದರೂ ವರ್ಷಕ್ಕೊಮ್ಮೆ ಹೋಗಿ ದಿವಾನರ ಎದುರು ನಿಂತು ನಮ್ಮ ಕೆರೆ ಯಾಕೆ ದುರಸ್ತಿ ಆಗಲಿಲ್ಲ ಎಂದು ಕೇಳುವ ರೂಢಿ ಬಂತು. ಕಾಂಗೋದಲ್ಲಿ ಇಂಥದ್ದೊಂದು ಇರಲೇ ಇಲ್ಲ.

ನಿಮಗೇನು ಅನಿಸುತ್ತದೆ?

ಸುಮ್ನೆ ಓದೋನು

ಮೇಷ್ಟ್ರೇ, ಕೆರೆ ಇನ್ನೂ ದುರಸ್ತಿ ಆಗಿಲ್ಲ.

ಮಿಲ್ ಕಾಲೋನಿ

ಮೇಷ್ಟ್ರು ಮೈಸೂರನ್ನು ಸ್ವಲ್ಪ ಜಾಸ್ತಿಯೇ ಹೊಗಳಿದರು. ದಾವಣಗೆರೆಯವರಾಗಿ ಒಂದು ಮಾತು ನೆನಪಿಡಬೇಕು. 1947ರ ಆಗಸ್ಟ್ 15ಕ್ಕೆ ದೆಹಲಿಯಲ್ಲಿ ಬಾವುಟ ಹಾರಿತು. ಇಲ್ಲಿ ಅವತ್ತಿಗೆ ಜನರ ಸರ್ಕಾರ ಬರಲಿಲ್ಲ. ಮಹಾರಾಜರು ಆಗಸ್ಟ್‌ನಲ್ಲೇ ಭಾರತಕ್ಕೆ ಸೇರುವ ಪತ್ರಕ್ಕೆ ಸಹಿ ಹಾಕಿದ್ದರು, ಆದರೆ ಆಡಳಿತ ದಿವಾನರ ಕೈಯಲ್ಲೇ ಇತ್ತು. ಅದಕ್ಕೇ 'ಮೈಸೂರು ಚಲೋ' ಶುರುವಾಗಿದ್ದು. ಜನ ಕಚೇರಿಗಳಿಗೆ ಮುತ್ತಿಗೆ ಹಾಕಿದರು, ವಿದ್ಯಾರ್ಥಿಗಳು ಬೀದಿಗೆ ಬಂದರು, ಜೈಲು ತುಂಬಿತು. ಮೊದಲ ಮುಖ್ಯಮಂತ್ರಿಯಾಗಿ ಕೆ.ಸಿ. ರೆಡ್ಡಿ ಪ್ರಮಾಣವಚನ ತೆಗೆದುಕೊಂಡದ್ದು ಅಕ್ಟೋಬರ್ ಕೊನೆಯ ವಾರದಲ್ಲಿ.

ಅದಕ್ಕೂ ಹಿಂದೆ ಹೋದರೆ 1938ರಲ್ಲಿ ವಿದುರಾಶ್ವತ್ಥದಲ್ಲಿ ಗುಂಡು ಹಾರಿತು, 1942ರಲ್ಲಿ ನಮ್ಮ ದಾವಣಗೆರೆಯಲ್ಲೇ ಹಾರಿತು. ಹಾರಿಸಿದವರು ಮೈಸೂರು ಸಂಸ್ಥಾನದ ಪೊಲೀಸರು, ಕನ್ನಡ ಮಾತಾಡುವವರು. 1939ರಲ್ಲಿ ಚಿತ್ರದುರ್ಗದ ಹತ್ತಿರ ತುರುವನೂರಿನಲ್ಲಿ ಈಚಲು ಮರ ಕಡಿದು ಸತ್ಯಾಗ್ರಹ ಮಾಡಿದವರನ್ನು ಜೈಲಿಗೆ ಹಾಕಿದ್ದೂ ಇದೇ ಸಂಸ್ಥಾನ. ನಿಜಲಿಂಗಪ್ಪನವರು ಆ ಹೋರಾಟದಿಂದಲೇ ಮೇಲೆ ಬಂದವರು. 'ಮಾದರಿ ಸಂಸ್ಥಾನ' ಅನ್ನುವುದನ್ನು ಪಠ್ಯಪುಸ್ತಕದಲ್ಲಿ ಓದಿ ಓದಿ ನಮಗೆ ಇದೆಲ್ಲ ಮರೆತೇಹೋಗಿದೆ.

ಒಟ್ಟಿನಲ್ಲಿ ನನ್ನ ಮಾತು: ಪ್ರತಿನಿಧಿ ಸಭೆ ದೊಡ್ಡವರಿಗೆ ಕಲಿಸಿತು. ಸಣ್ಣವರಿಗೆ ಕಲಿಸಿದ್ದು ಬೀದಿ.

ತುಂಗಭದ್ರೆ ಆಚೆ (ರಾಣೇಬೆನ್ನೂರು)

ನಮ್ಮ ಕಡೆಯವರು ಇದನ್ನು ಹೇಳಿ ಈಗಲೂ ನಿಮ್ಮನ್ನು ರೇಗಿಸುತ್ತಾರೆ. ಹರಿಹರದ ಸೇತುವೆ ದಾಟಿದರೆ ಬೊಂಬಾಯಿ ಪ್ರಾಂತ್ಯ. ನಮಗೆ ಸ್ವಾತಂತ್ರ್ಯ ಆಗಸ್ಟ್ 15ಕ್ಕೇ ಬಂತು, ನಿಮಗೆ ಎರಡು ತಿಂಗಳು ತಡ! ಮೈಸೂರು ಚಲೋ ನಡೆಯುವಾಗ ಪೊಲೀಸರ ಕೈಗೆ ಸಿಗದೆ ಗಡಿ ದಾಟಿ ಈ ಕಡೆ ಶಿಬಿರ ಹಾಕಿಕೊಂಡವರೂ ಇದ್ದರು. ಒಂದೇ ನದಿ, ಎರಡೂ ದಡದಲ್ಲಿ ಒಂದೇ ಭಾಷೆ, ಬೀಗರು ಬಿಜ್ಜರು ಆಚೆ ಈಚೆ. ಆದರೆ ಸರ್ಕಾರ ಬೇರೆ, ಕಾನೂನು ಬೇರೆ.

ಹರಪನಹಳ್ಳಿ ಬಸ್ಸು

ಗಡಿಯ ವಿಷಯ ಬಂದರೆ ನಮ್ಮನ್ನು ಬಿಟ್ಟು ಮಾತಾಡಬೇಡಿ. ನಮ್ಮ ತಾಲೂಕು ಬ್ರಿಟಿಷರ ಕಾಲದಲ್ಲಿ ಮದ್ರಾಸ್ ಪ್ರಾಂತ್ಯದ ಬಳ್ಳಾರಿ ಜಿಲ್ಲೆ. 1953ರಲ್ಲಿ ಆಂಧ್ರ ರಾಜ್ಯ ಆದಾಗ ಮೈಸೂರಿಗೆ ಬಂದೆವು. 1997ರಲ್ಲಿ ದಾವಣಗೆರೆ ಜಿಲ್ಲೆ ಮಾಡಿದರು, ನಮ್ಮನ್ನು ಅದಕ್ಕೆ ಸೇರಿಸಿದರು. ಸಂವಿಧಾನದ 371ಜೆ ವಿಧಿ ಬಂದ ಮೇಲೆ ಬಳ್ಳಾರಿಯವರಿಗೆ ಮೀಸಲಾತಿ, ಅನುದಾನ ಸಿಗುತ್ತದೆ ನಮಗೆ ಸಿಗುವುದಿಲ್ಲ ಎಂದು ಹೋರಾಟ ಮಾಡಿ 2018ರಲ್ಲಿ ವಾಪಸ್ ಬಳ್ಳಾರಿಗೆ ಹೋದೆವು. 2021ರಲ್ಲಿ ವಿಜಯನಗರ ಜಿಲ್ಲೆ. ಬಸ್ಸು ಅದೇ, ರಸ್ತೆ ಅದೇ, ಗುಂಡಿ ಅದೇ. ಆಸ್ಪತ್ರೆಗೆ, ಬಟ್ಟೆಗೆ ಈಗಲೂ ದಾವಣಗೆರೆಗೇ ಬರುತ್ತೇವೆ.

ನಗುವ ವಿಷಯ ಅಲ್ಲ ಇದು. ಗಡಿ ಎಳೆದವರು ಬ್ರಿಟಿಷರು ಅನ್ನುತ್ತೇವಲ್ಲ, ಅವರು ಎಳೆದದ್ದನ್ನು ಅಳಿಸಿ ಮತ್ತೆ ಎಳೆಯುವ ಹಕ್ಕು ನಮಗೆ ಸಿಕ್ಕಿತು. ಆಫ್ರಿಕಾದವರಿಗೆ ಸಿಗಲಿಲ್ಲ.

ಕೋಟೆ ಕೆಳಗಿನವ (ಚಿತ್ರದುರ್ಗ, ವಕೀಲ)

ಸಿಗಲಿಲ್ಲ ಅನ್ನುವುದಕ್ಕಿಂತ ಅವರೇ ಬೇಡ ಎಂದರು. 1964ರಲ್ಲಿ ಕೈರೋದಲ್ಲಿ ಆಫ್ರಿಕಾದ ದೇಶಗಳು ಸೇರಿ, ಸ್ವಾತಂತ್ರ್ಯ ಬಂದಾಗ ಇದ್ದ ಗಡಿಗಳನ್ನೇ ಒಪ್ಪೋಣ ಎಂದು ಗೊತ್ತುವಳಿ ಮಾಡಿದವು. ಸೊಮಾಲಿಯಾ, ಮೊರಾಕ್ಕೋ ಒಪ್ಪಲಿಲ್ಲ. ಉಳಿದವರಿಗೆ ಭಯ. ಒಂದು ಗಡಿ ಮುಟ್ಟಿದರೆ ಎಲ್ಲವೂ ಬಿಚ್ಚಿಕೊಳ್ಳುತ್ತವೆ ಎಂಬ ಭಯ. ಆದರೆ ದೇಶದ ಒಳಗಿನ ಗಡಿಗಳನ್ನು ಅವರೂ ಮತ್ತೆ ಮತ್ತೆ ಎಳೆದಿದ್ದಾರೆ. ನೈಜೀರಿಯಾ 1960ರಲ್ಲಿ ಮೂರು ದೊಡ್ಡ ಪ್ರಾಂತ್ಯಗಳ ದೇಶ. ಪೂರ್ವ ಭಾಗ ಬಿಯಾಫ್ರಾ ಎಂದು ಸಿಡಿದು ಹೋಗುವ ಹೊತ್ತಿಗೆ, 1967ರಲ್ಲಿ, ಸೈನ್ಯದ ಸರ್ಕಾರ ಅದನ್ನು 12 ರಾಜ್ಯ ಮಾಡಿತು. ಯಾರೂ ಒಬ್ಬರೇ ಬಲಿಯಬಾರದು ಎಂಬ ಲೆಕ್ಕ. ಈಗ 36 ರಾಜ್ಯ. ಎಣ್ಣೆಯ ದುಡ್ಡು ರಾಜಧಾನಿ ಅಬುಜಾದಿಂದ ರಾಜ್ಯಗಳಿಗೆ ಹಂಚಿಕೆ ಆಗುವುದರಿಂದ ಹೊಸ ರಾಜ್ಯದ ಬೇಡಿಕೆ ನಿಲ್ಲುವುದೇ ಇಲ್ಲ. ಹರಪನಹಳ್ಳಿಯವರಿಗೆ ಈ ಲೆಕ್ಕ ಬಿಡಿಸಿ ಹೇಳಬೇಕಾಗಿಲ್ಲ ಅಲ್ವಾ.

ಈಗ ಮೇಷ್ಟ್ರ ವಾದಕ್ಕೆ ಬರುತ್ತೇನೆ. ಕಾಂಗೋ ಸುಲಭದ ಉದಾಹರಣೆ. ಕಷ್ಟದ್ದು ಎರಡು ಕೊಡುತ್ತೇನೆ.

ಒಂದು, ಘಾನಾ. ಅಲ್ಲಿ ಓದಿದವರಿದ್ದರು, ವಕೀಲರಿದ್ದರು, ಪತ್ರಿಕೆಗಳಿದ್ದವು. ಸ್ವಾತಂತ್ರ್ಯ ಹೋರಾಟದ ನಾಯಕ ಎನ್‌ಕ್ರುಮಾ ಅವರ ಪಕ್ಷ ಹಳ್ಳಿಹಳ್ಳಿಗೆ ಮುಟ್ಟಿತ್ತು. 1951ರ ಚುನಾವಣೆಯನ್ನು ಅವರು ಜೈಲಿನಲ್ಲಿದ್ದುಕೊಂಡೇ ಗೆದ್ದರು. 1957ರಲ್ಲಿ ಪೂರ್ತಿ ಸ್ವಾತಂತ್ರ್ಯ ಬರುವ ಹೊತ್ತಿಗೆ ಆರು ವರ್ಷ ಆಡಳಿತ ನಡೆಸಿದ ಅನುಭವ ಇತ್ತು. ಮೇಷ್ಟ್ರು ಹೇಳಿದ ಎಲ್ಲವೂ ಇತ್ತು. ಆದರೂ 1958ಕ್ಕೇ ವಿಚಾರಣೆ ಇಲ್ಲದೆ ಜೈಲಿಗೆ ಹಾಕುವ ಕಾನೂನು ಬಂತು, 1964ಕ್ಕೆ ಒಂದೇ ಪಕ್ಷದ ದೇಶವಾಯಿತು. ಎದುರಾಳಿ ನಾಯಕ, ಹಿರಿಯ ವಕೀಲ ಡಾನ್‌ಕ್ವಾ 1965ರಲ್ಲಿ ಜೈಲಿನಲ್ಲೇ ಸತ್ತರು. ಮರುವರ್ಷ ಸೈನ್ಯ ಬಂತು.

ಎರಡು, ಶ್ರೀಲಂಕಾ. ಅಲ್ಲಿ ಗಂಡು ಹೆಣ್ಣು ಎಲ್ಲ ವಯಸ್ಕರಿಗೂ ಮತ ಬಂದದ್ದು 1931ರಲ್ಲಿ. ನಮಗಿಂತ ಇಪ್ಪತ್ತು ವರ್ಷ ಮೊದಲು! ಶಾಲೆ, ಆಸ್ಪತ್ರೆ ನಮಗಿಂತ ಚೆನ್ನಾಗಿದ್ದವು. 1948ರಲ್ಲಿ ಸ್ವಾತಂತ್ರ್ಯ ಬಂದ ವರ್ಷವೇ ಮಾಡಿದ ಕೆಲಸ ಏನು ಗೊತ್ತೆ? ಚಹಾ ತೋಟದ ಲಕ್ಷಾಂತರ ತಮಿಳು ಕೂಲಿಗಳ ಪೌರತ್ವವನ್ನೇ ಕಿತ್ತರು. ಅಲ್ಲಿ ಯಂತ್ರದ ಒಳಗೆ ಊರಿನವರೇ ಇದ್ದರು. ಮತ ಹಾಕುವ ರೂಢಿಯೂ ಇತ್ತು. ಮತದಿಂದಲೇ ಇದು ಆಯಿತು.

ಇನ್ನೊಂದು. ನಮ್ಮದೇ ವಿಚಾರಣೆ ಇಲ್ಲದ ಬಂಧನದ ಕಾನೂನು 1950ರಲ್ಲೇ, ಘಾನಾಗಿಂತ ಎಂಟು ವರ್ಷ ಮೊದಲೇ ಬಂದಿತ್ತು. 1975ರಿಂದ 77ರವರೆಗೆ ನಾವು ಎಲ್ಲಿದ್ದೆವು ಎಂದು ಎಲ್ಲರಿಗೂ ನೆನಪಿದೆ. ನಮಗೆ 'ಒಗ್ಗಿತು' ಎನ್ನುವ ಹಿರಿಯರಿಗೆ ಇದನ್ನೂ ಹೇಳಿ.

ಬಡಾವಣೆ ಮೇಷ್ಟ್ರು

ವಕೀಲರೇ, ಘಾನಾದ ಮಾತು ಬಂದದ್ದು ಒಳ್ಳೆಯದಾಯಿತು. ಅಲ್ಲಿ ಸರ್ಕಾರಕ್ಕೆ ದುಡ್ಡು ಬರುತ್ತಿದ್ದ ದಾರಿ ನೋಡಿ. ಕೋಕೋ. ರೈತ ಬೆಳೆದ ಕೋಕೋವನ್ನು ಸರ್ಕಾರಿ ಮಂಡಳಿಯೇ ಕೊಳ್ಳಬೇಕು. ರೈತನಿಗೆ ಒಂದು ದರ ಕೊಟ್ಟು, ಹೊರದೇಶಕ್ಕೆ ಬೇರೆ ದರಕ್ಕೆ ಮಾರಿ, ನಡುವಿನ ಹಣ ಇಟ್ಟುಕೊಳ್ಳುವುದು. ಈ ವ್ಯವಸ್ಥೆ ಮಾಡಿಟ್ಟವರು ಬ್ರಿಟಿಷರೇ. ಕುರ್ಚಿ ಹಿಡಿದವನಿಗೆ ದೇಶದ ತಿಜೋರಿಯೇ ಸಿಗುತ್ತದೆ, ಬಿಟ್ಟವನಿಗೆ ಏನೂ ಇಲ್ಲ. ಅಂಥ ಕುರ್ಚಿಯನ್ನು ಯಾರು ಸುಮ್ನೆ ಬಿಟ್ಟು ಇಳಿಯುತ್ತಾರೆ? ಆ ಹಣದಿಂದ ಅವರು ಒಳ್ಳೆಯ ಕೆಲಸವನ್ನೂ ಮಾಡಿದರು. ಶಾಲೆ ಕಟ್ಟಿದರು. ವೋಲ್ಟಾ ನದಿಗೆ ಅಕೊಸೊಂಬೊ ಅಣೆಕಟ್ಟು 1965ಕ್ಕೆ ಮುಗಿಯಿತು, ನಮ್ಮ ಭದ್ರಾ ಅಣೆಕಟ್ಟಿನ ಕಾಲದ್ದೇ. ಸುಮಾರು 80 ಸಾವಿರ ಜನ ಊರು ಬಿಟ್ಟರು. ಕರೆಂಟಿನ ದೊಡ್ಡ ಪಾಲು ಅಮೆರಿಕದ ಕಂಪನಿಯ ಅಲ್ಯೂಮಿನಿಯಂ ಕಾರ್ಖಾನೆಗೆ ಅಗ್ಗದ ದರಕ್ಕೆ ಹೋಯಿತು. ಆ ಕಾರ್ಖಾನೆಯವರು ಘಾನಾದ ಅದಿರನ್ನೂ ಮುಟ್ಟಲಿಲ್ಲ, ಕಚ್ಚಾ ಮಾಲು ಹೊರಗಿನಿಂದಲೇ ತಂದರು. ಅದೇ ಹೊತ್ತಿಗೆ ಕೋಕೋ ದರ ಬಿತ್ತು.

ಭದ್ರಾ ನಾಲೆಯ ನೀರು ದಾವಣಗೆರೆಗೆ ಬಂದ ಮೇಲೆ ಏನಾಯಿತು? ಭತ್ತ, ಕಬ್ಬು, ಅಕ್ಕಿ ಗಿರಣಿ, ದಲ್ಲಾಳಿ ಅಂಗಡಿ, ಅಲ್ಲಿಂದ ಕಾಲೇಜು. ದುಡ್ಡು ಸಾವಿರಾರು ಕೈಗೆ ಹೋಯಿತು. ಎಲ್ಲರಿಗೂ ಸಮನಾಗಿ ಹೋಗಲಿಲ್ಲ, ನಾಲೆಯ ಕೊನೆಯ ಭಾಗದ ರೈತರು ಪ್ರತಿ ಬೇಸಿಗೆ ನೀರಿಗಾಗಿ ರಸ್ತೆಗೆ ಬರುತ್ತಾರೆ. ಆದರೆ ಬೆಂಗಳೂರಿನಲ್ಲಿ ಸರ್ಕಾರ ಬಿದ್ದರೆ ಇಲ್ಲಿಯ ಮಂಡಿ ಮುಚ್ಚುವುದಿಲ್ಲ. ಸರ್ಕಾರದ ಹೊರಗೂ ಬದುಕಲು ಜಾಗ ಇದ್ದ ಕಡೆ ಸೋತವನು ಮನೆಗೆ ಹೋಗುತ್ತಾನೆ. ಇಲ್ಲದ ಕಡೆ ಜೈಲಿಗೆ ಹೋಗುತ್ತಾನೆ, ಇಲ್ಲವೇ ಬಂದೂಕು ಹಿಡಿಯುತ್ತಾನೆ.

ಶ್ರೀಲಂಕಾ ಬಗ್ಗೆ ನನ್ನಲ್ಲಿ ಸುಲಭದ ಉತ್ತರ ಇಲ್ಲ. ಬೇರೆಯವರು ಹೇಳಲಿ.

ತುಂಗಭದ್ರೆ ಆಚೆ

ಶ್ರೀಲಂಕಾಕ್ಕೆ 1956 ನೋಡಿ. ಆ ವರ್ಷ ಅಲ್ಲಿ ಸಿಂಹಳ ಮಾತ್ರ ಆಡಳಿತ ಭಾಷೆ ಎಂದು ಕಾನೂನು ಮಾಡಿದರು. ಅದೇ ವರ್ಷ ನವೆಂಬರ್ 1ಕ್ಕೆ ಬೊಂಬಾಯಿ, ಹೈದರಾಬಾದು, ಕೊಡಗು, ಮೈಸೂರು ಎಲ್ಲ ಕಡೆ ಹಂಚಿಹೋಗಿದ್ದ ನಾವು ಒಂದು ರಾಜ್ಯಕ್ಕೆ ಬಂದೆವು. ಆ ಒಂದಾದ ರಾಜ್ಯದ ಮೊದಲ ಮುಖ್ಯಮಂತ್ರಿ ನಿಮ್ಮ ಚಿತ್ರದುರ್ಗದ ನಿಜಲಿಂಗಪ್ಪ. ನೆಹರೂಗೆ ಭಾಷಾವಾರು ರಾಜ್ಯ ಇಷ್ಟವೇ ಇರಲಿಲ್ಲ. ತೆಲುಗರಿಗೆ ಆಂಧ್ರ ರಾಜ್ಯ ಬೇಕೆಂದು ಪೊಟ್ಟಿ ಶ್ರೀರಾಮುಲು 1952ರಲ್ಲಿ ಉಪವಾಸದಲ್ಲಿ ಸತ್ತ ಮೇಲೆ ಬಗ್ಗಿದರು. ಬಗ್ಗಿದ್ದರಿಂದ ದೇಶ ಒಡೆಯುತ್ತದೆ ಎಂದು ಹೆದರಿದ್ದರು, ಒಡೆಯಲಿಲ್ಲ. ಬಗ್ಗದ ಕೊಲಂಬೋದಲ್ಲಿ 1983ರಿಂದ 2009ರವರೆಗೆ ಯುದ್ಧ. ಪಾಕಿಸ್ತಾನವೂ ಬಂಗಾಳಿಗೆ ಕಾಟ ಕೊಟ್ಟು 1971ರಲ್ಲಿ ಅರ್ಧ ದೇಶ ಕಳೆದುಕೊಂಡಿತು.

ದಾರೆಸ್ಸಲಾಮ್ ವಾಪಸಿ

ಮೂಲ ಊರು ಹರಿಹರ, ಕೆಲಸ ಮಾಡಿದ್ದು ತಾಂಜಾನಿಯಾದಲ್ಲಿ. ಭಾಷೆಯ ಮಾತು ಬಂದದ್ದರಿಂದ ಬರೆಯುತ್ತಿದ್ದೇನೆ.

ತಾಂಜಾನಿಯಾದಲ್ಲಿ ನೂರಕ್ಕೂ ಜಾಸ್ತಿ ಬುಡಕಟ್ಟು ಭಾಷೆಗಳಿವೆ. ದೇಶದ ಮೊದಲ ಅಧ್ಯಕ್ಷ ನ್ಯೆರೇರೆ ಇವುಗಳಲ್ಲಿ ಯಾವುದನ್ನೂ ಮೇಲೆ ಏರಿಸಲಿಲ್ಲ. ಕರಾವಳಿಯ ವ್ಯಾಪಾರದ ಭಾಷೆ ಸ್ವಾಹಿಲಿಯನ್ನು ಎಲ್ಲರ ಭಾಷೆ ಮಾಡಿದರು. ಅದು ಯಾವ ದೊಡ್ಡ ಬುಡಕಟ್ಟಿನ ಸೊತ್ತೂ ಆಗಿರಲಿಲ್ಲ, ಹಾಗಾಗಿ ಯಾರಿಗೂ ಹೊಟ್ಟೆಕಿಚ್ಚಿಲ್ಲ. ಇಂಡೊನೇಷ್ಯಾದವರೂ ಹೆಚ್ಚು ಜನ ಆಡುವ ಜಾವಾ ಭಾಷೆ ಬಿಟ್ಟು ಮಲಯ್ ಹಿಡಿದರು. ತಾಂಜಾನಿಯಾದಲ್ಲಿ ಯಾರನ್ನಾದರೂ ನಿಮ್ಮ ಬುಡಕಟ್ಟು ಯಾವುದು ಎಂದು ಕೇಳಿದರೆ ಸ್ವಲ್ಪ ಮುಖ ಗಂಟಿಕ್ಕುತ್ತಾರೆ. ಪಕ್ಕದ ಕೀನ್ಯಾದಲ್ಲಿ ಚುನಾವಣೆ ಬಂದರೆ ಅದೇ ಮೊದಲ ಪ್ರಶ್ನೆ.

ಆದರೆ ಅದೇ ನ್ಯೆರೇರೆ 1967ರ ಅರುಷಾ ಘೋಷಣೆಯ ನಂತರ 'ಉಜಾಮಾ' ಎಂದು ಹಳ್ಳಿಗಳನ್ನು ಒಟ್ಟುಗೂಡಿಸಲು ಹೊರಟರು. ಮೊದಲು ಇಷ್ಟ ಇದ್ದವರು ಬನ್ನಿ ಎಂದರು. ಜನ ಬರಲಿಲ್ಲ. 1973ರ ನಂತರ ಲಾರಿ ತಂದು ಲಕ್ಷಲಕ್ಷ ಜನರನ್ನು ಸಾಗಿಸಿದರು, ವಾಪಸ್ ಹೋಗದ ಹಾಗೆ ಕೆಲವು ಕಡೆ ಹಳೆಯ ಮನೆಗಳನ್ನು ಸುಟ್ಟರು. ಬೆಳೆ ಬಿತ್ತು, ಧಾನ್ಯ ಹೊರಗಿನಿಂದ ತರಿಸಬೇಕಾಯಿತು. ಮನುಷ್ಯ ಪ್ರಾಮಾಣಿಕ. 1985ರಲ್ಲಿ ತಾನಾಗಿಯೇ ಅಧ್ಯಕ್ಷಗಿರಿ ಬಿಟ್ಟು ತನ್ನ ಹಳ್ಳಿಗೆ ಹೋದರು. ಆದರೆ ರೈತನಿಗೆ ಏನು ಬೇಕೆಂದು ಜಿಲ್ಲಾ ಕಚೇರಿಯೇ ತೀರ್ಮಾನಿಸುವ ಪದ್ಧತಿ ಬ್ರಿಟಿಷರದ್ದೇ. ಒಳ್ಳೆಯವನ ಕೈಗೆ ಬಂದರೂ ಅದು ಅದರ ಕೆಲಸವನ್ನೇ ಮಾಡಿತು.

ಇನ್ನೊಂದು ವಿಷಯ. ನಮ್ಮವರು ಇದನ್ನು ಮಾತಾಡುವುದೇ ಇಲ್ಲ. ಪೂರ್ವ ಆಫ್ರಿಕಾದಲ್ಲಿ ಬ್ರಿಟಿಷರು ಮೂರು ಅಂತಸ್ತಿನ ಸಮಾಜ ಕಟ್ಟಿದ್ದರು. ಮೇಲೆ ಬಿಳಿಯರು, ನಡುವೆ ಭಾರತೀಯರು, ಕೆಳಗೆ ಆಫ್ರಿಕಾದವರು. ಅಂಗಡಿ, ಗುಮಾಸ್ತಿಕೆ, ಸಾಲ ಕೊಡುವುದು ನಮ್ಮವರ ಕೈಯಲ್ಲಿ. ಹತ್ತಿ ಬೆಳೆದ ಉಗಾಂಡದ ರೈತನಿಗೆ ಬ್ರಿಟಿಷ್ ಗವರ್ನರ್ ಕಾಣುತ್ತಿರಲಿಲ್ಲ, ತೂಕ ಹಾಕುವ ಭಾರತೀಯ ಕಾಣುತ್ತಿದ್ದ. 1971ರಲ್ಲಿ ತಾಂಜಾನಿಯಾ ಬಾಡಿಗೆಗೆ ಕೊಟ್ಟ ಕಟ್ಟಡಗಳನ್ನು ವಶಪಡಿಸಿಕೊಂಡಿತು, ಹೆಚ್ಚಿನವು ಏಷ್ಯಾದವರದ್ದು. 1972ರಲ್ಲಿ ಇದಿ ಅಮೀನ್ ಉಗಾಂಡದಿಂದ 90 ದಿನದಲ್ಲಿ ಹೊರಡಿ ಎಂದ. ಅಮೀನ್ ಕ್ರೂರಿ, ಅದರಲ್ಲಿ ಎರಡು ಮಾತಿಲ್ಲ. ಆದರೆ ಅವತ್ತು ಕಂಪಾಲಾದ ಬೀದಿಯಲ್ಲಿ ಕುಣಿದವರೆಲ್ಲ ಕ್ರೂರಿಗಳಾಗಿದ್ದರೇ?

ಸುಮ್ನೆ ಓದೋನು

ಅಂದರೆ ಅಲ್ಲಿ ನಾವೇ ಬ್ರಿಟಿಷರ ಮುನೀಮರು. ಇದು ಪಠ್ಯಪುಸ್ತಕದಲ್ಲಿ ಇರಲಿಲ್ಲ.

ಮಿಲ್ ಕಾಲೋನಿ

ಇಷ್ಟೆಲ್ಲ ಬರೆದಿರಿ, ಜಮೀನಿನ ಮಾತೇ ಬರಲಿಲ್ಲ. ಹಳ್ಳಿಯ ಮನುಷ್ಯನಿಗೆ ಸ್ವಾತಂತ್ರ್ಯ ಬಂತೋ ಇಲ್ಲವೋ ಗೊತ್ತಾಗುವುದು ಪಹಣಿಯಲ್ಲಿ.

ಕೀನ್ಯಾದಲ್ಲಿ ಒಳ್ಳೆಯ ಎತ್ತರದ ಜಮೀನನ್ನೆಲ್ಲ ಬಿಳಿಯರು ಹಿಡಿದಿದ್ದರು. 1963ರಲ್ಲಿ ಸ್ವಾತಂತ್ರ್ಯ ಬಂದಾಗ ಅದನ್ನು ವಾಪಸ್ 'ಕೊಡಲಿಲ್ಲ', ಮಾರಿದರು. ಕೊಳ್ಳಲು ಬ್ರಿಟನ್‌ನಿಂದಲೇ ಸಾಲ. ಕಾಡಿಗೆ ಹೋಗಿ ಹೋರಾಡಿದವರ ಕೈಯಲ್ಲಿ ದುಡ್ಡಿರಲಿಲ್ಲ, ಹೊಸ ಸರ್ಕಾರದಲ್ಲಿ ಜನ ಇದ್ದವರ ಕೈಯಲ್ಲಿ ಇತ್ತು. ಜಿಂಬಾಬ್ವೆಯಲ್ಲಿ 1979ರ ಒಪ್ಪಂದದ ಪ್ರಕಾರ ಹತ್ತು ವರ್ಷ, ಮಾರುವವನು ಒಪ್ಪಿದರೆ ಮಾತ್ರ ಜಮೀನು ಕೊಳ್ಳಬಹುದಿತ್ತು. ಹತ್ತು ಹೋಗಿ ಇಪ್ಪತ್ತಾಯಿತು. 2000ದಲ್ಲಿ ನುಗ್ಗಿ ಹಿಡಿದರು, ದೇಶದ ಹೊಟ್ಟೆಪಾಡೇ ಕೆಟ್ಟಿತು.

ನಮ್ಮಲ್ಲಿ? ಕಾಗೋಡು ಸತ್ಯಾಗ್ರಹ 1951ರಲ್ಲಿ. 'ಉಳುವವನೇ ಹೊಲದೊಡೆಯ' ನಿಜವಾಗಿ ಜಾರಿಗೆ ಬಂದದ್ದು ದೇವರಾಜ ಅರಸರ ಕಾಲದಲ್ಲಿ, 1974ರ ತಿದ್ದುಪಡಿಯ ನಂತರ. ನಮ್ಮ ಅಜ್ಜನೂ ಗೇಣಿ ಜಮೀನಿನ ಹಕ್ಕು ಕೇಳುವ ಫಾರಂ ನಂಬರ್ 7 ಹಾಕಿದ್ದರು. ಭೂ ನ್ಯಾಯಮಂಡಳಿ ಮುಂದೆ ಜಮೀನ್ದಾರರ ಕಣ್ಣೆದುರು 'ಹೌದು, ನಾನೇ ಉಳುತ್ತಿದ್ದೇನೆ' ಎಂದು ಹೇಳಲು ಅವರಿಗೆ ಬಂದ ನಡುಕವನ್ನು ನಮ್ಮಪ್ಪ ಈಗಲೂ ಹೇಳುತ್ತಾರೆ. ಕೊನೆಗೆ ಒಂದು ತುಂಡು ಸಿಕ್ಕಿತು. ಅದರ ಖಾತೆ ಸರಿಮಾಡಿಸಲು ಒಂದು ಕಚೇರಿಯಲ್ಲಿ ಅಲೆದ ಕಥೆ ಬೇರೆ, ಅದು ಇನ್ನೂ ಮುಗಿದಿಲ್ಲ.

ಆದರೆ ಲೆಕ್ಕ ಸರಿಯಾಗಿ ಹೇಳಬೇಕು. ಈ ಕಾನೂನಿನಿಂದ ದೊಡ್ಡ ಲಾಭ ಆದದ್ದು ಕರಾವಳಿ, ಮಲೆನಾಡಿನ ಗೇಣಿದಾರರಿಗೆ. ನಮ್ಮ ಬಯಲುಸೀಮೆಯಲ್ಲಿ ಗೇಣಿಯೇ ಕಡಿಮೆ. ಊರ ಹೊರಗಿನ ಕೇರಿಯವರು ಗೇಣಿದಾರರೂ ಅಲ್ಲ, ಬರೀ ಕೂಲಿಯವರು. ಅವರಿಗೆ ಏನು ಬಂತು? ಸರ್ಕಾರ ಕೊಟ್ಟ ತುಂಡು ಜಮೀನು ಕೈ ತಪ್ಪದಿರಲಿ ಎಂದು 1978ರಲ್ಲಿ ಪಿಟಿಸಿಎಲ್ ಕಾನೂನು, ಉಳಿದಂತೆ ಬಗರ್ ಹುಕುಂ ಅರ್ಜಿ. ಅರ್ಜಿ ಹಾಕಿದವರ ಮಕ್ಕಳು ದಾವಣಗೆರೆ ಹತ್ತಿ ಮಿಲ್ಲಿಗೆ ಬಂದರು. ಕಮ್ಯುನಿಸ್ಟ್ ಶಾಸಕರನ್ನು ಗೆಲ್ಲಿಸಿದ್ದು ಆ ಜನ. ಮಿಲ್ಲುಗಳೂ ಮುಚ್ಚಿದವು.

ಕೋಟೆ ಕೆಳಗಿನವ

ಸಣ್ಣ ಮಾತು. ಆ ನ್ಯಾಯಮಂಡಳಿಗಳಲ್ಲಿ ಮೊದಲಿಗೆ ವಕೀಲರಿಗೆ ಪ್ರವೇಶ ಇರಲಿಲ್ಲ. ನಮ್ಮ ವೃತ್ತಿಯವರು ತುಂಬಾ ಬೈದರು. ಬಡವನಿಗೆ ಅದರಿಂದ ಒಳ್ಳೆಯದೇ ಆಯಿತು ಎಂದು ವಕೀಲನಾಗಿ ಹೇಳುತ್ತೇನೆ, ನನ್ನ ಹೆಸರು ಇಲ್ಲಿ ಇಲ್ಲದಿರುವುದರಿಂದ ಧೈರ್ಯ.

ಚಳ್ಳಕೆರೆ ಕಂಬಳಿ

ಜಮೀನು ಎಂದರೆ ಎಲ್ಲರೂ ಉಳುವ ಜಮೀನನ್ನೇ ಹೇಳುತ್ತೀರಿ. ನಾನು ಕುರಿ ಸಾಕುವ ಮನೆಯಿಂದ ಬಂದವಳು. ನಮ್ಮದು ಪಹಣಿಯಲ್ಲೇ ಇಲ್ಲ.

ಚಳ್ಳಕೆರೆ ಸುತ್ತ ಅಮೃತ ಮಹಲ್ ಕಾವಲುಗಳು ಇವೆ, ಇದ್ದವು ಅನ್ನಬೇಕೇನೋ. ರಾಜರ ಕಾಲದಲ್ಲಿ ಸೈನ್ಯದ ಎತ್ತುಗಳಿಗೆ ಮೇಯಲು ಬಿಟ್ಟ ಹುಲ್ಲುಗಾವಲು. ಹೈದರ್, ಟಿಪ್ಪು ಕಾಲದಲ್ಲಿ ಫಿರಂಗಿ ಎಳೆದದ್ದು ಈ ಎತ್ತುಗಳೇ. 1799ರ ನಂತರ ಬ್ರಿಟಿಷರು ತಮ್ಮ ಸೈನ್ಯಕ್ಕೆ ಬಳಸಿದರು. ಆಮೇಲೆ ಸರ್ಕಾರದ ಇಲಾಖೆಗೆ ಬಂತು. ಕಾಗದದಲ್ಲಿ ಯಾರದ್ದೇ ಇರಲಿ, ಸುತ್ತಲ ಹಳ್ಳಿಗಳ ದನ, ಕುರಿ ಅಲ್ಲೇ ಮೇಯುತ್ತಿದ್ದವು. ಮ್ಯಾಸಬೇಡರು, ಕಾಡುಗೊಲ್ಲರು, ಕುರುಬರು ಎಲ್ಲರೂ. ಚಳ್ಳಕೆರೆಯ ಕಂಬಳಿ ಎಲ್ಲಿಂದ ಬರುತ್ತದೆ ಅಂದುಕೊಂಡಿರಿ?

2010ರ ಆಸುಪಾಸಿನಲ್ಲಿ ಸುಮಾರು 10 ಸಾವಿರ ಎಕರೆ ಕಾವಲನ್ನು ರಕ್ಷಣೆ, ಅಣುಶಕ್ತಿ, ಬಾಹ್ಯಾಕಾಶ, ವಿಜ್ಞಾನದ ಸಂಸ್ಥೆಗಳಿಗೆ ಕೊಟ್ಟರು. ನಮ್ಮ ಕಡೆ ಬಹಳ ಜನರಿಗೆ ಗೊತ್ತಾಗಿದ್ದು ಗೋಡೆ ಏಳಲು ಶುರುವಾದಾಗ. ಗೋಡೆಗೆ ಅಡ್ಡ ನಿಂತೆವು, ಧರಣಿ ಕೂತೆವು, ಹಸಿರು ನ್ಯಾಯಮಂಡಳಿಗೂ ಕೇಸು ಹೋಯಿತು. ದೇಶಕ್ಕೆ ವಿಜ್ಞಾನ ಬೇಡ ಎಂದು ನಾವ್ಯಾರೂ ಹೇಳಲಿಲ್ಲ. ಆದರೆ ಕಚೇರಿಯ ದಾಖಲೆಯಲ್ಲಿ ಅದು 'ಖಾಲಿ ಜಾಗ'. ಕಂದಾಯ ಬಾರದ ಜಮೀನು ಖಾಲಿ ಜಮೀನು ಅನ್ನುವ ಲೆಕ್ಕ ಯಾರದ್ದು? ಮೇಷ್ಟ್ರು ಮೊದಲ ಪೋಸ್ಟಿನಲ್ಲೇ ಹೇಳಿದ್ದಾರೆ, ಈ ಯಂತ್ರ ಕಟ್ಟಿದ್ದೇ ಕಂದಾಯಕ್ಕೆ ಎಂದು.

ಹಾಗಾಗಿ ಮೇಷ್ಟ್ರಿಗೆ ನನ್ನ ಪ್ರಶ್ನೆ. ಒಳಗೆ ಊರಿನವರು ಇರಬೇಕು ಎಂದಿರಿ. ನಮ್ಮ ವಿಷಯದಲ್ಲಿ ಒಳಗಿದ್ದವರೆಲ್ಲ ಊರಿನವರೇ. ತಲಾಟಿಯಿಂದ ಮಂತ್ರಿಯವರೆಗೆ ಒಬ್ಬರೂ ಬಿಳಿಯರಲ್ಲ. ಮತ್ತೆ ಯಾಕೆ ಹೀಗಾಯಿತು?

ಬಡಾವಣೆ ಮೇಷ್ಟ್ರು

ತಂಗಿ, ಒಳಗಿದ್ದವರು ಊರಿನವರು ನಿಜ. ಕುರಿ ಕಾಯುವವರ ಮನೆಯವರು ಎಷ್ಟು ಜನ ಇದ್ದರು? ಮೈಸೂರಿನಲ್ಲಿ 1918ರಲ್ಲಿ ಮಿಲ್ಲರ್ ಸಮಿತಿ, 1972ರಲ್ಲಿ ಹಾವನೂರು ಆಯೋಗ, ಎಲ್ಲ ಆದದ್ದು ಇದಕ್ಕೇ ಅಲ್ಲವೆ? ಸರ್ಕಾರಿ ಕೆಲಸ ಎರಡು ಮೂರು ಜಾತಿಗಳ ಕೈಯಲ್ಲಿತ್ತು, ಅದನ್ನು ಅಗಲ ಮಾಡಿದರು. ಅದು ಇನ್ನೂ ಕೆಳಗೆ ಇಳಿಯಬೇಕು. ನನ್ನ ವಾದ ಇದರಿಂದ ಬೀಳುವುದಿಲ್ಲ, ಇನ್ನೂ ಗಟ್ಟಿಯಾಗುತ್ತದೆ ಎಂದೇ ನಾನು ಹೇಳುತ್ತೇನೆ.

ದಾರೆಸ್ಸಲಾಮ್ ವಾಪಸಿ

ಚಳ್ಳಕೆರೆಯವರು ಬರೆದದ್ದು ಓದುವಾಗ ತಾಂಜಾನಿಯಾದ ದನಗಾಹಿ ಮಸಾಯಿಗಳೇ ಕಣ್ಣ ಮುಂದೆ ಬಂದರು. ಬ್ರಿಟಿಷರು 1959ರಲ್ಲಿ ಅವರನ್ನು ಸೆರೆಂಗೆಟಿಯಿಂದ ಎಬ್ಬಿಸಿ ಗೊರೊಂಗೊರೊ ಕಡೆಗೆ ಕಳಿಸಿದರು. ಸ್ವತಂತ್ರ ಸರ್ಕಾರ ಅದನ್ನು ತಿರುಗಿಸಲಿಲ್ಲ. 2022ರಲ್ಲಿ ಲೊಲಿಯೊಂಡೊದಲ್ಲಿ 1,500 ಚದರ ಕಿಲೋಮೀಟರ್‌ಗೆ ಗಡಿಕಲ್ಲು ನೆಡಲು ಪೊಲೀಸರು ಬಂದರು, ಹೊಡೆದಾಟ ಆಯಿತು. ಅಲ್ಲಿ ಕಾರಣ ವನ್ಯಜೀವಿ, ನಿಮ್ಮಲ್ಲಿ ವಿಜ್ಞಾನ. ಎಬ್ಬಿಸಿದ್ದು ಮಾತ್ರ ದನ ಕಾಯುವವರನ್ನೇ.

ಕೋಟೆ ಕೆಳಗಿನವ

ಮೇಷ್ಟ್ರು ಒಪ್ಪುವುದಿಲ್ಲ ಎಂದು ಗೊತ್ತು, ಆದರೂ ಬೊಟ್ಸ್ವಾನಾ ನೋಡಲೇಬೇಕು. ಅವರ ಅಳತೆಗೋಲಿನಲ್ಲಿ ಮೊದಲ ದರ್ಜೆ ಬರುವ ದೇಶ ಅದು. 1966ರಲ್ಲಿ ಸ್ವಾತಂತ್ರ್ಯ, ಮರುವರ್ಷ ಒರಾಪಾದಲ್ಲಿ ವಜ್ರ ಸಿಕ್ಕಿತು. ವಜ್ರ ಸಿಕ್ಕ ಬೇರೆ ದೇಶಗಳು ಹೊಡೆದಾಡಿ ಸತ್ತವು, ಇವರು ಗಣಿಯ ಹಕ್ಕನ್ನು ಬುಡಕಟ್ಟುಗಳಿಂದ ದೇಶದ ಹೆಸರಿಗೆ ಮಾಡಿಕೊಂಡರು. ಮೊದಲ ಅಧ್ಯಕ್ಷ ಸೆರೆಟ್ಸೆ ಖಾಮಾ ಸ್ವತಃ ಅತಿ ದೊಡ್ಡ ಬುಡಕಟ್ಟಿನ ರಾಜಮನೆತನದವರು. ಊರ ಪಂಚಾಯಿತಿ ಕಟ್ಟೆಯಂಥ 'ಕ್‌ಗೊಟ್ಲಾ' ಉಳಿಸಿಕೊಂಡರು. ಚುನಾವಣೆ ಒಮ್ಮೆಯೂ ತಪ್ಪಲಿಲ್ಲ. 2024ರಲ್ಲಿ ಮೊದಲ ಬಾರಿ ಆಳುವ ಪಕ್ಷ ಸೋತಾಗ ಸುಮ್ನೆ ಕುರ್ಚಿ ಬಿಟ್ಟಿತು.

ಅಂಥ ದೇಶ 1997ರಲ್ಲಿ, ಮತ್ತೆ 2002ರಲ್ಲಿ, ಕಲಹಾರಿಯ ಅಭಯಾರಣ್ಯದಿಂದ ಸಾನ್ ಜನರನ್ನು ಎಬ್ಬಿಸಿತು. ಸಾವಿರಾರು ವರ್ಷದಿಂದ ಬೇಟೆ, ಗೆಡ್ಡೆ ಗೆಣಸಿನ ಮೇಲೆ ಅಲ್ಲಿ ಬದುಕಿದ್ದವರು. ಅವರು ಕೋರ್ಟಿಗೆ ಹೋದರು. 2006ರ ಡಿಸೆಂಬರ್‌ನಲ್ಲಿ ಹೈಕೋರ್ಟಿನಲ್ಲಿ ಗೆದ್ದರು. ಎಬ್ಬಿಸಿದ್ದು ಕಾನೂನಿಗೆ ವಿರುದ್ಧ ಎಂದು ತೀರ್ಪು ಬಂತು.

ಚಳ್ಳಕೆರೆ ಕಂಬಳಿ

ಗೆದ್ದವರು ವಾಪಸ್ ಹೋದರಾ ಸರ್?

ಕೋಟೆ ಕೆಳಗಿನವ

ಅರ್ಧಂಬರ್ಧ. ಅರ್ಜಿಯಲ್ಲಿ ಹೆಸರಿದ್ದವರು ಮಾತ್ರ ಹೋಗಬಹುದು ಎಂದು ಸರ್ಕಾರ ಹೇಳಿತು. ಹೋದವರಿಗೆ ಅಲ್ಲಿ ಕುಡಿಯಲು ನೀರಿಲ್ಲ, ಹಳೆಯ ಕೊಳವೆ ಬಾವಿಯನ್ನು ಮುಚ್ಚಿಸಿದ್ದರು. ಬಾವಿ ಬಳಸುವ ಹಕ್ಕಿಗಾಗಿ ಮತ್ತೆ ಕೋರ್ಟು. ಕೆಳಗೆ ಸೋತರು, 2011ರಲ್ಲಿ ಮೇಲ್ಮನವಿಯಲ್ಲಿ ಗೆದ್ದರು.

ಚಳ್ಳಕೆರೆ ಕಂಬಳಿ

ಆ ಎರಡೂ ತೀರ್ಪಿನ ಪ್ರತಿ ಸಿಕ್ಕರೆ ಇಲ್ಲಿ ಹಾಕಿ. ನಮ್ಮ ವಕೀಲರಿಗೆ ಓದಿಸುತ್ತೇನೆ.